ಪಾಲಪ್ಪನ ಐದು ಗೆಲುವು

ಶಿರಾದ ಹಳೆ ಬಸ್ ನಿಲ್ದಾಣದ ಹಿಂದಿನ ಓಣಿಯಲ್ಲಿ ನಬೀ ಸಾಬರ ರೇಡಿಯೋ ಅಂಗಡಿ ಇದೆ. ರೇಡಿಯೋ ತರುವವರು ಈಗ ಯಾರೂ ಇಲ್ಲ. ನಬೀ ಸಾಬರೂ ಇಲ್ಲ. ಅವರು ತೀರಿಕೊಂಡು ಆರು ವರ್ಷವಾಯಿತು. ಬೋರ್ಡು ಮಾತ್ರ ಹಾಗೇ ಇದೆ. ಮಗ ಅಯಾಜ್ ಬೆಳಿಗ್ಗೆ ಹತ್ತಕ್ಕೆ ಷಟರ್ ಎತ್ತಿ, ಎಲ್ಲಾದರೂ ಕ್ಯಾಮೆರಾ ಕೂರಿಸುವುದಕ್ಕೋ ಡಿಶ್ ತಿರುಗಿಸುವುದಕ್ಕೋ ಬೈಕಿನಲ್ಲಿ ಹೊರಟುಬಿಡುತ್ತಾನೆ. ಸಂಜೆಯವರೆಗೆ ಅಂಗಡಿಯಲ್ಲಿ ಅವನ ಅಕ್ಕ ಸುಮೈರಾ ಒಬ್ಬಳೇ.

ಸುಮೈರಾ ಕಾಲೇಜಿನಲ್ಲಿ ನನಗಿಂತ ಎರಡು ವರ್ಷ ಮುಂದಿದ್ದಳು. ಬಿ.ಕಾಂ. ಮುಗಿಯುತ್ತಲೇ ಅವಳ ಗೆಳತಿಯರು ಒಬ್ಬೊಬ್ಬರಾಗಿ ಮದುವೆಯಾಗಿ ತುಮಕೂರು, ಹಿಂದೂಪುರ, ಚಳ್ಳಕೆರೆ ಎಂದು ಹಂಚಿಹೋದರು. ಮಹಜಬೀನ್ ಒಬ್ಬಳು ಕೆಲವು ಕಾಲ ದಿನಕ್ಕೊಮ್ಮೆ ಫೋನು ಮಾಡುತ್ತಿದ್ದಳು. ಮಗುವಾದ ಮೇಲೆ ಅದು ವಾರಕ್ಕೊಮ್ಮೆಯಾಯಿತು, ಆಮೇಲೆ ಹಬ್ಬಕ್ಕೊಮ್ಮೆ. ಅಂಗಡಿಗೆ ಬರುವವರು ಕೌಂಟರಿನ ಹಿಂದೆ ಕೂತ ಅವಳನ್ನು ನೋಡಿ, ಅವಳ ಹೆಗಲಾಚೆಗೆ ಕಣ್ಣು ಹಾಯಿಸಿ, "ಯಾರೂ ಇಲ್ವೇನಮ್ಮಾ?" ಎಂದು ಅವಳನ್ನೇ ಕೇಳುತ್ತಿದ್ದರು. "ಇಲ್ಲ, ಸಂಜೆ ಬರ್ತಾರೆ" ಎನ್ನುವುದು ಅವಳಿಗೆ ರೂಢಿಯಾಗಿತ್ತು.

ಇಲ್ಲಿ ಹೇಳಹೊರಟ ಸಂಗತಿಯನ್ನು ನನಗೆ ಹೇಳಿದವಳು ಅವಳೇ. ನಮ್ಮ ಮನೆಯ ಮಿಕ್ಸಿ ತೋರಿಸಲು ಹೋಗಿದ್ದ ದಿನ, ಕೇಳದೆಯೇ ಹೇಳಿದಳು.

ಆ ಅಂಗಡಿಗೆ ನಬೀ ಸಾಬರ ಕಾಲದಿಂದಲೂ ಒಂದು ಕ್ರಮ ಇತ್ತು. ರಿಪೇರಿಗೆ ಬಂದ ಯಂತ್ರ ಬಿಚ್ಚಿದಾಗ ಒಳಗೆ ಏನೇ ಸಿಗಲಿ, ಅದನ್ನು ಒಂದು ಬಿಸ್ಕತ್ ಡಬ್ಬಿಯಲ್ಲಿಟ್ಟು ಯಂತ್ರದ ಜೊತೆ ಹಿಂದಿರುಗಿಸಬೇಕು. ಟೇಪ್ ರೆಕಾರ್ಡರಿನಲ್ಲಿ ಸಿಕ್ಕಿಕೊಂಡ ಕ್ಯಾಸೆಟ್, ರೇಡಿಯೋ ಬೆನ್ನಿನಲ್ಲಿ ಯಾರೋ ಅಡಗಿಸಿಟ್ಟ ಫೋಟೋ, ಮಗುವಿನ ಕಾಲ್ಗೆಜ್ಜೆಯ ಒಂದು ಗುಂಡು, ಏನಾದರೂ ಸರಿ. ಗಿರಾಕಿ ಬಂದಾಗ ಮೊದಲು ಅದನ್ನು ಕೌಂಟರಿನ ಮೇಲಿಟ್ಟು, ಆಮೇಲೆ ಯಂತ್ರ ಚಾಲೂ ಮಾಡಿ ತೋರಿಸುವುದು. "ರಿಪೇರಿ ನಮ್ದು, ಒಳಗಿರೋದು ಅವರ್ದು" ಎನ್ನುತ್ತಿದ್ದರು ನಬೀ ಸಾಬ್. ಓಣಿಯಲ್ಲಿ ಬೇರೆ ಅಂಗಡಿಗಳಿದ್ದರೂ ದೂರದ ಊರುಗಳಿಂದ ಜನ ಇಲ್ಲಿಗೇ ಬರುತ್ತಿದ್ದುದಕ್ಕೆ ಅದೂ ಒಂದು ಕಾರಣ.

ಕಳೆದ ಫೆಬ್ರವರಿಯ ಒಂದು ಗುರುವಾರ ಮಧ್ಯಾಹ್ನ, ಮೂವತ್ತರ ಆಸುಪಾಸಿನ ಒಬ್ಬ ಗಂಡಸು ಟವೆಲಿನಲ್ಲಿ ಸುತ್ತಿದ ಏನನ್ನೋ ಎರಡೂ ಕೈಯಲ್ಲಿ ಎತ್ತಿಕೊಂಡು ಬಂದ. ಹೆಸರು ರಾಮಾಂಜನೇಯ. ಊರು ಕೊರಟಗೆರೆ ತಾಲ್ಲೂಕಿನ ಚನ್ನರಾಯನದುರ್ಗ. ಕೆಲಸ ರಾಯಚರ್ಲು ಹತ್ತಿರದ ಸೋಲಾರ್ ಪಾರ್ಕಿನ ಕಂಟ್ರೋಲ್ ರೂಮಿನಲ್ಲಿ, ವಾಸ ಪಾವಗಡದಲ್ಲಿ ಒಂದು ಬಾಡಿಗೆ ಕೋಣೆ. ಟವೆಲ್ ಬಿಚ್ಚಿದರೆ ಒಳಗೆ ವಿಡಿಯೋ ಗೇಮ್ ಆಡುವ ಕಪ್ಪು ಪೆಟ್ಟಿಗೆ.

"ಆಟದ ಮಧ್ಯ ಆಫ್ ಆಗ್ಬುಡ್ತದೆ ಮೇಡಂ. ಧೂಳು ಒಕ್ಕಂಡೈತೆ ಅನ್ಸುತ್ತೆ. ನಮ್ಮ ಕಡೆ ಧೂಳು ಅನ್ನದ ಮ್ಯಾಲೂ ಬೀಳ್ತದೆ. ಮಧುಗಿರೀಲಿ ಕೇಳ್ದೆ. 'ಇದು ಹೈಕ್ಳ ಸಾಮಾನು, ಬೆಂಗ್ಳೂರಿಗೆ ತಗಂಡೋಗು' ಅಂತ ನಗಾಡಿದ್ರು."

"ತಮ್ಮ ನೋಡ್ತಾನೆ. ಬಿಟ್ಟು ಹೋಗಿ."

"ಬುಟ್ಟೋಯ್ತೀನಿ. ಒಂದು ಮಾತು. ಒಳಗೆ ನನ್ನ ಆಟ ಐತೆ. ಬ್ಯಾಸ್ಕೆಟ್‌ಬಾಲು. ಅದೊಂದು ಅಳಿಸೋಗ್ದಂಗೆ ನೋಡ್ಕಳಿ."

"ನಮ್ಮಂಗಡೀಲಿ ಒಳಗಿದ್ದದ್ದು ಹೋಗಲ್ಲ ಸರ್" ಎಂದಳು ಸುಮೈರಾ. ಅಪ್ಪನ ಮಾತು ಅವಳ ಬಾಯಲ್ಲಿ ತಾನಾಗಿ ಬಂದಿತ್ತು. ಮುಂದಿನ ವಾರ ಬಿಟ್ಟು ಆಚೆಯ ಸೋಮವಾರ ರಜೆ, ಆವತ್ತು ಬರುತ್ತೇನೆಂದು ಹೇಳಿ ಅವನು ಹೋದ.

ಅಯಾಜ್ ಅದನ್ನು ಬಿಚ್ಚಿ ಬ್ರಶ್ಶಿನಲ್ಲಿ ಕೆಂಪು ಧೂಳು ಉದುರಿಸಿದ. ಒಳಗಿನ ಬಿಸಿ ಎಳೆಯಲು ಚಿಪ್ಪಿಗೆ ಹಚ್ಚಿದ್ದ, ಒಣಗಿ ಸುಣ್ಣದಂತಾಗಿದ್ದ ಪೇಸ್ಟನ್ನು ಕೆರೆದು ಹೊಸದನ್ನು ಹಚ್ಚಿದ. ಆಮೇಲೆ ಅದನ್ನು ಅಂಗಡಿಯ ಟಿ.ವಿ.ಗೆ ಸಿಕ್ಕಿಸಿ ಅಕ್ಕನ ಮುಂದಿಟ್ಟ.

"ಆಪಾ, ಬಿಸಿಯಾದಾಗ ಆಫ್ ಆಗುತ್ತಾ ಅಂತ ದಿನಾ ಎರಡು ಗಂಟೆ ಓಡಿಸಿ ನೋಡ್ಬೇಕು. ಸುಮ್ನೆ ಆನ್ ಮಾಡಿಟ್ರೆ ಬಿಸಿ ಆಗಲ್ಲ. ಆಡಿದ್ರೇನೇ ಆಗೋದು."

"ನಂಗೆ ಬರಲ್ವಲ್ಲೋ."

"ಬರೋದೇನಿದೆ? ಬಟನ್ ಒತ್ತು. ಗೆಲ್ಲು ಅಂತ ಯಾರ್ ಹೇಳಿದ್ರು ನಿಂಗೆ?"

ಶುಕ್ರವಾರ ಅವನು ಜುಮಾ ನಮಾಜಿಗೆ ಹೋದ ಹೊತ್ತಿನಲ್ಲಿ ಅವಳು ಆಟ ತೆರೆದಳು. ಪರದೆಯ ಮೇಲೆ ನೀಲಿ ಬನಿಯನ್ನು, ಮೊಣಕಾಲು ಮುಚ್ಚುವ ಚಡ್ಡಿ ತೊಟ್ಟ ಒಬ್ಬ ಕುಳ್ಳ ಮನುಷ್ಯ ನಿಂತಿದ್ದ. ದಪ್ಪ ಮೀಸೆ. ಬೆನ್ನಿನ ಮೇಲೆ ಒಂಬತ್ತನೇ ನಂಬರು, ಅದರ ಮೇಲೆ ಇಂಗ್ಲಿಷ್ ಅಕ್ಷರದಲ್ಲಿ 'ಪಾಲಪ್ಪ'. ಅವನ ಹಿಂದೆ ನಾಲ್ಕು ಜನ, ಒಬ್ಬೊಬ್ಬರೂ ವಿದ್ಯುತ್ ಕಂಬದ ಹಾಗೆ. ಸುಮೈರಾ ಒಬ್ಬಳೇ ನಕ್ಕಳು. ಐದು ಪಂದ್ಯ ಮುಗಿದಿವೆ ಎಂದೇನೋ ಕೆಳಗೆ ಬರೆದಿತ್ತು. ಒಂದು ಬಟನ್ ಒತ್ತಿದಳು. ಯಂತ್ರ ಏನನ್ನೋ ಕೇಳಿತು. ಸರಿ ಎಂದು ಒತ್ತಿದಳು. ಮತ್ತೊಂದು ಕೇಳಿತು. ಮತ್ತೆ ಸರಿ.

ಅಂಗಡಿಗೆ ಬರುವ ಸೆಟ್‌ಟಾಪ್ ಬಾಕ್ಸುಗಳು ದಿನಕ್ಕೆ ಐವತ್ತು ಸಲ ಹೀಗೆ ಕೇಳುತ್ತವೆ. ಭಾಷೆ ಇದೇನಾ, ಚಾನೆಲ್ ಹುಡುಕಲಾ, ಹಳೆಯದು ತೆಗೆಯಲಾ ಎಂದು. ಓದುತ್ತಾ ಕೂತರೆ ಕೆಲಸ ಸಾಗದು. ಪ್ರಶ್ನೆ ಪೂರ್ತಿ ಮೂಡುವ ಮೊದಲೇ ಬೆರಳು 'ಸರಿ' ಒತ್ತುವುದು ಆ ಕಸುಬಿನವರಿಗೆಲ್ಲ ಬರುವ ಅಭ್ಯಾಸ. ಮೂರನೆಯ ಸಲ ಪರದೆ ಬದಲಾದಾಗ, ಪಾಲಪ್ಪ ನಿಂತಿದ್ದ ಜಾಗದಲ್ಲಿ ಕಣ್ಣು ಮೂಗಿಲ್ಲದ ಒಂದು ಬೂದು ಆಕೃತಿ ನಿಂತು, ನಿಮ್ಮ ಹೊಸ ಆಟಗಾರನಿಗೆ ಹೆಸರಿಡಿ ಎನ್ನುತ್ತಿತ್ತು. ಹಿಂದಕ್ಕೆ ಹೋಗಿ ಹುಡುಕಿದಳು. ಪಾಲಪ್ಪ ಎಲ್ಲಿಯೂ ಇರಲಿಲ್ಲ.

ಸಂಜೆ ಅಯಾಜ್ ಬಂದು, "ಬಿಸಿ ಆಯ್ತಾ?" ಎಂದ.

"ಇಲ್ಲ" ಎಂದಳು. ಬೇರೇನೂ ಹೇಳಲಿಲ್ಲ.

ಶನಿವಾರದಿಂದ ಅವಳು ಪಾಲಪ್ಪನನ್ನು ತಿರುಗಿ ಮಾಡಲು ಕೂತಳು. ಆಗಷ್ಟೇ ಮರೆಯಾದ ಮುಖವಾದ್ದರಿಂದ ನೆನಪು ಹಸಿಯಾಗಿತ್ತು. ಮೀಸೆಗಳ ಪಟ್ಟಿಯಲ್ಲಿ ಹುಡುಕಿ ಅದೇ ಮೀಸೆ ಇಟ್ಟಳು. ಮೈಬಣ್ಣ, ಒಂಬತ್ತನೇ ನಂಬರು, ಆಟ ಒಪ್ಪುವ ಅತಿ ಕಡಿಮೆ ಎತ್ತರ. ರೂಪ ಬಂತು. ಆದರೆ ಆ ಪಾಲಪ್ಪ ಐದು ಪಂದ್ಯ ಆಡಿದ್ದವನು. ಈ ಆಟದಲ್ಲಿ ಒಬ್ಬ ಹುಡುಗ ಶಾಲೆಯ ತಂಡದಿಂದ ಶುರುಮಾಡಿ ದೊಡ್ಡ ಆಟಗಾರನಾಗುವವರೆಗೆ ಬೆಳೆಯಬೇಕು. ಮೊದಲ ಐದು ಪಂದ್ಯ ಗೆದ್ದರೆ ಮಾತ್ರ ದೊಡ್ಡ ತಂಡದವರು ನೋಡಲು ಬರುತ್ತಾರೆ. ಇಷ್ಟು ದೂರ ಟವೆಲಿನಲ್ಲಿ ಸುತ್ತಿ ಹೊತ್ತು ತಂದವನು ಅವನ್ನು ಗೆದ್ದೇ ಇರುತ್ತಾನೆ ಎಂದುಕೊಂಡಳು. ಸೋಮವಾರದೊಳಗೆ ಆ ಐದೂ ಗೆಲುವನ್ನು ಒಳಗಿಡಬೇಕು. ಇಟ್ಟರೆ ಯಾರಿಗೂ ಏನೂ ಹೇಳುವ ಅಗತ್ಯವೇ ಬೀಳದು.

ಮೊದಲ ಪಂದ್ಯ ಇಪ್ಪತ್ತಮೂರು ಪಾಯಿಂಟಿನಿಂದ ಸೋತಳು. ಪಾಲಪ್ಪ ಚೆಂಡು ಎತ್ತಿದರೆ ಸಾಕು, ಮೇಲಿಂದ ಒಂದು ಕೈ ಬಂದು ಹೊಡೆದು ಬೀಳಿಸುತ್ತಿತ್ತು. ಸೋತ ಪಾಲಪ್ಪನನ್ನು ಅಳಿಸಿ ಇನ್ನೊಬ್ಬನನ್ನು ಮಾಡಿದಳು. ಅವನೂ ಸೋತ. ಭಾನುವಾರ ಅಂಗಡಿಗೆ ರಜೆ. ಮನೆಯಲ್ಲಿ ಬಟ್ಟೆ ಮಡಚುವಾಗ ಬೆರಳುಗಳು ಸೀರೆಯ ಅಂಚಿನ ಮೇಲೆ ತಾವಾಗಿ ಒತ್ತುತ್ತಿದ್ದವು. ಮೂರನೆಯ ಪಾಲಪ್ಪ ಎರಡು ಗೆದ್ದು ಮೂರನೆಯದನ್ನು ಸೋತ. ಅವನನ್ನೂ ಅಳಿಸುವಾಗ ಅವಳಿಗೆ ಸ್ವಲ್ಪ ಹೊತ್ತು ಬೇಕಾಯಿತು.

ನಾಲ್ಕನೆಯವನ ಮೊದಲ ಪಂದ್ಯದಲ್ಲಿ ಒಂದು ಘಟನೆ ನಡೆಯಿತು. ಚೆಂಡನ್ನು ಯಾರಿಗೂ ಕೊಡದೆ ಹಿಡಿದುಕೊಂಡೇ ಇದ್ದುದಕ್ಕೆ ಕೋಚು ಪಾಲಪ್ಪನನ್ನು ಹೊರಗೆ ಕರೆದು ಬೆಂಚಿನ ಮೇಲೆ ಕೂರಿಸಿದ. ಕತ್ತಿನ ಮೇಲೆ ಟವೆಲು ಹಾಕಿಕೊಂಡು ಪಾಲಪ್ಪ ಕೂತ. ಆಟ ಅವನಿಲ್ಲದೆ ನಡೆಯಿತು. ಮಾಡಲು ಏನೂ ಇಲ್ಲದೆ ಸುಮೈರಾ ನೋಡುತ್ತಾ ಕೂತಳು. ಆಗ ಅವಳಿಗೆ ಮೊದಲ ಸಲ ಉಳಿದ ನಾಲ್ವರು ಕಂಡರು. ಬುಟ್ಟಿಯ ಕೆಳಗೆ ಒಬ್ಬ ಉದ್ದನೆಯವನು ಕೈ ಎತ್ತಿ ನಿಲ್ಲುತ್ತಿದ್ದ. ಚೆಂಡು ಬಾರದಿದ್ದರೆ ಕೈ ಇಳಿಸಿ, ಒಂದು ಸುತ್ತು ಬಂದು, ಮತ್ತೆ ಎತ್ತುತ್ತಿದ್ದ. ಇನ್ನೊಬ್ಬ ಎದುರಾಳಿಯ ದಾರಿಗೆ ಅಡ್ಡ ಬಂದು ಗೋಡೆಯ ಹಾಗೆ ನಿಂತುಬಿಡುತ್ತಿದ್ದ. ಅವನ ಭುಜಕ್ಕೆ ಭುಜ ಸವರಿಕೊಂಡು ಓಡಿದವನಿಗೆ ಎದುರು ಬಯಲು.

ಪಾಲಪ್ಪ ಒಳಗೆ ಹೋದ ಕೂಡಲೇ ಅವಳು ಚೆಂಡನ್ನು ಆ ಕೈ ಎತ್ತಿದವನಿಗೆ ಕೊಟ್ಟಳು. ಅವನು ಅದನ್ನು ಸುಮ್ಮನೆ ಬುಟ್ಟಿಯೊಳಗೆ ಇಟ್ಟ, ಗೂಟಕ್ಕೆ ಟೋಪಿ ಹಾಕುವ ಹಾಗೆ. ಹಿಂದಿರುಗಿ ಓಡುವಾಗ ಪಾಲಪ್ಪನ ಅಂಗೈಗೆ ಅಂಗೈ ತಟ್ಟಿ ಹೋದ. ಸುಮೈರಾ ನೋಡಿಕೊಂಡರೆ ಅವಳ ಬಲಗೈ ಮಡಿಲಿನಲ್ಲಿ ಬಿಚ್ಚಿಕೊಂಡಿತ್ತು.

ಆ ಪಂದ್ಯ ಎರಡು ಪಾಯಿಂಟಿನಿಂದ ಗೆದ್ದಳು. ಆಟದೊಳಗಿಂದ ವೀಕ್ಷಕ ವಿವರಣೆ ಕೊಡುವ ಗಂಟಲಿಗೆ ಪಾಲಪ್ಪ ಎಂಬ ಹೆಸರು ಗೊತ್ತಿರಲಿಲ್ಲ. ಒಂಬತ್ತನೇ ನಂಬರಿನವನು, ಒಂಬತ್ತನೇ ನಂಬರಿನವನು ಎಂದು ಕೂಗುತ್ತಿತ್ತು. ಸಾವಿರ ಜನ ಎದ್ದು ನಿಂತಿದ್ದರು. ಓಣಿಯಲ್ಲಿ ಯಾರೋ ಹಳೆ ಪೇಪರ್ ಎಂದು ಕೂಗಿಕೊಂಡು ಹೋದರು.

ಮನೆಗೆ ಹೋಗಿ ತಾಯಿ ಅಖ್ತರ್ ಬೇಗಮರ ಎದುರು ನಿಂತಳು. ಅವರು ಅವರೆಕಾಯಿ ಸುಲಿಯುತ್ತಿದ್ದರು.

"ಅಮ್ಮಿ, ಇವತ್ತು ಗೆದ್ದೆ."

"ಏನನ್ನ?"

"ಆಟ."

"ಮುಖ ಬಾಡಿದೆ. ಊಟ ಹಾಕ್ಲಾ?"

ಮಹಜಬೀನ್‌ಗೆ ಫೋನು ಮಾಡಿದಳು. ಆ ಕಡೆ ಮಗು ಅಳುತ್ತಿತ್ತು. "ಆಮೇಲೆ ಮಾಡ್ತೀನಿ ಕಣೇ, ಕೋಪ ಮಾಡ್ಕೋಬೇಡ" ಎಂದು ಅವಳು ಇಟ್ಟಳು. ಆಮೇಲೆ ಮಾಡಲಿಲ್ಲ. ಗೆದ್ದದ್ದನ್ನು ಹೇಳಬೇಕಾದರೆ ಅಳಿಸಿದ್ದನ್ನೂ ಹೇಳಬೇಕಾಗುತ್ತಿತ್ತು ಎಂದು ಸುಮೈರಾ ತನ್ನನ್ನು ತಾನೇ ಸಮಾಧಾನ ಮಾಡಿಕೊಂಡಳು.

ಎರಡನೆಯದು, ಮೂರನೆಯದು, ನಾಲ್ಕನೆಯದು ದಿನಕ್ಕೊಂದರಂತೆ ಬಂದವು. ಗಿರಾಕಿ ಬಂದರೆ ಆಟ ನಿಲ್ಲಿಸಿ, ರಿಮೋಟು ಸೆಲ್ಲು ಕೊಟ್ಟು, ಮತ್ತೆ ಕೂರುತ್ತಿದ್ದಳು. ಮಧ್ಯಾಹ್ನಗಳು ಹೇಗೆ ಕಳೆದವೋ ತಿಳಿಯಲಿಲ್ಲ. ಐದನೆಯ ಪಂದ್ಯ ಶುಕ್ರವಾರ. ಆರು ಪಾಯಿಂಟು ಮುಂದಿದ್ದು ಇನ್ನೇನು ಎರಡು ನಿಮಿಷ ಉಳಿದಿದೆ ಎನ್ನುವಾಗ ಕರೆಂಟು ಹೋಯಿತು. ಪಂದ್ಯ ಮುಗಿಯುವವರೆಗೆ ಯಂತ್ರ ಏನನ್ನೂ ಉಳಿಸಿಕೊಳ್ಳುವುದಿಲ್ಲ. ಕತ್ತಲಾದ ಪರದೆಯಲ್ಲಿ ಅವಳ ಮುಖ, ಬಾಗಿಲಿನ ಚೌಕ ಬೆಳಕು. ಎರಡು ಗಂಟೆ ಹಾಗೇ ಕೂತಿದ್ದಳು. ಶನಿವಾರ ಮೊದಲಿಂದ ಆಡಿ ಒಂದೇ ಪಾಯಿಂಟಿನಿಂದ ಗೆದ್ದಳು. ಕೊನೆಯ ಚೆಂಡನ್ನು ಪಾಲಪ್ಪ ತಾನು ಹಾಕಲಿಲ್ಲ; ಕೊಟ್ಟು ಪಕ್ಕಕ್ಕೆ ಸರಿದ. ಐದು ಪಂದ್ಯ, ಐದು ಗೆಲುವು. ಅಷ್ಟು ಹೊತ್ತಿಗೆ ಆ ಗೆಲುವುಗಳು ಯಾರ ಪರವಾಗಿ ಎನ್ನುವುದು ಅವಳಿಗೆ ಮರೆತೇ ಹೋಗಿತ್ತು. ಅವು ಅವಳವೇ ಆಗಿದ್ದವು.

ಸೋಮವಾರ ರಾಮಾಂಜನೇಯ ಬಂದ. ಅದೇ ಟವೆಲು ಹೆಗಲ ಮೇಲಿತ್ತು. "ಆಗೈತಾ ಮೇಡಂ?" ಎಂದ.

"ಆಗಿದೆ. ಹತ್ತು ದಿನ ಓಡಿಸಿದೀವಿ. ಒಂದ್ಸಲಾನೂ ಆಫ್ ಆಗಿಲ್ಲ."

ಅವಳು ಟಿ.ವಿ. ಹಚ್ಚಿದಳು. ಅವನು ರಿಮೋಟಿನಂಥ ಆ ಹಿಡಿಯನ್ನು ಕೈಗೆ ತೆಗೆದುಕೊಂಡು ಆಟ ತೆರೆದ. ಪಾಲಪ್ಪ ಬಂದು ನಿಂತ. ರಾಮಾಂಜನೇಯ ಮುಂದಕ್ಕೆ ಬಾಗಿದ.

"ಇದ್ಯಾರು?"

"ನಿಮ್ಮವರೇ. ಪಾಲಪ್ಪ."

"ಹೆಸ್ರು ನಮ್ಮಪ್ಪಂದೇಯ. ಮೀಸೇನೂ ಸರಿಯಾಗೈತೆ. ಆದ್ರೆ ಇವ್ನು ಐದೂ ಗೆದ್ಬುಟ್ಟವ್ನೆ."

ಸುಮೈರಾ ಟಿ.ವಿ.ಯ ಸದ್ದು ತಗ್ಗಿಸಿದಳು.

"ನಮ್ಮಪ್ಪ ಐದಕ್ಕೈದೂ ಸೋತಿದ್ದ ಮೇಡಂ."

ಅವಳು ಗುಟ್ಟಾಗಿ ಒಂದು ಉತ್ತರ ಸಿದ್ಧಮಾಡಿಕೊಂಡಿದ್ದಳು. ಪೇಸ್ಟು ಬದಲಾಯಿಸುವಾಗ ಒಳಗಿನದು ಸ್ವಲ್ಪ ಅದಲು ಬದಲಾಗುತ್ತದೆ, ಯಂತ್ರಗಳೇ ಹಾಗೆ, ಎಂದು. ಹೇಳಿದ್ದರೆ ಅವನು ನಂಬುತ್ತಿದ್ದ. ಗೆಲುವುಗಳೂ ಉಳಿಯುತ್ತಿದ್ದವು. ಅಷ್ಟು ದಿನ ಬಾಯಿಗೆ ಬಾರದಿದ್ದ ಮಾತು ಈಗ ಬಂತು.

"ನಿಮ್ಮ ಪಾಲಪ್ಪನ್ನ ನಾನು ಅಳಿಸಿಬಿಟ್ಟೆ ಸರ್. ಮೊದಲ್ನೇ ದಿನಾನೇ. ಓದದೆ ಒತ್ತಿಬಿಟ್ಟೆ. ಇವನು ನಾನು ಮಾಡಿದವನು. ನೀವು ಗೆದ್ದಿರ್ತೀರ ಅಂದ್ಕೊಂಡು ಐದೂ ಗೆದ್ದು ಇಟ್ಟೆ. ಹೇಳಬಾರ್ದು ಅಂತಿದ್ದೆ."

ರಾಮಾಂಜನೇಯ ಸ್ಟೂಲಿನ ಮೇಲೆ ಕೂತ. ಕೋಪ ಬಂದಂತೆ ಕಾಣಲಿಲ್ಲ. ಪರದೆಯನ್ನೇ ನೋಡುತ್ತಾ ಮಾತಾಡಿದ.

"ಮನೇರ ಹೆಸ್ರೆಲ್ಲ ಒಂದೊಂದ್ಸಲ ಇಟ್ಟು ನೋಡಿದ್ದೆ. ನಮ್ಮಮ್ಮ ನರಸಿಂಹಮ್ಮನ ಹೆಸ್ರನ್ನೂ ಇಟ್ಟಿದ್ದೆ, ಯೋಳಿದ್ರೆ ಪೊರಕೆ ತಗತಾಳೆ. ಎಲ್ಲಾ ಸೋತ್ರು. ಒಬ್ಬೊಬ್ರುನ್ನೂ ತೆಗೆದಾಕ್ದೆ. ನಮ್ಮಪ್ಪನ್ನ ಮಾತ್ರ ತೆಗೀನಿಲ್ಲ."

"ಯಾಕೆ?"

"ಡ್ಯೂಟೀಲಿ ಎಂಟು ಗಂಟೆ ಪರದೆ ಮುಂದೆ ಕುಂತಿರ್ತೀನಿ. ಯಾವ ಪ್ಯಾನೆಲ್ಲು ಎಷ್ಟು ಕರೆಂಟು ಅಂತ. ಮಾತಿಲ್ಲ ಕತೆಯಿಲ್ಲ. ರೂಮಿಗೆ ಬಂದ್ರೆ ಮನೆ ಓನರಮ್ಮ ಪಾಪಕ್ಕ 'ತಿನ್ನಾವಾ?' ಅಂತ ತೆಲುಗ್ನಾಗೆ ಕೇಳ್ತಳೆ, 'ತಿನ್ನಾನು' ಅಂತೀನಿ, ಅಲ್ಲಿಗೆ ಮುಗೀತು. ಊರಿಗೆ ಫೋನ್ ಮಾಡಿದ್ರೆ ನಮ್ಮಪ್ಪನೂ ಅಷ್ಟೆಯ. ಉಂಡ್ಯಾ? ಉಂಡೆ. ಫೋನ್ ಮಡಗ್ಲಾ? ಮಡಗು." ಅವನು ಸ್ವಲ್ಪ ನಕ್ಕ. "ಇಲ್ಲಿ ಆಟದಾಗೆ ಆಡ್ದಾಗೆಲ್ಲ ಸೋಲ್ತಿದ್ದ. ಮಾರ್ನೆ ದಿನ ಆನ್ ಮಾಡಿದ್ರೆ ಅಂಗೇ ಸೊಂಟದ ಮ್ಯಾಲೆ ಕೈ ಮಡಿಕ್ಕಂಡು ನಿಂತಿರೋನು. ಮಕ ತಿರುವ್ತಿರ್ಲಿಲ್ಲ. ಅದುಕ್ಕೆ ಇರ್ಲಿ ಅಂತ ಬುಟ್ಟಿದ್ದೆ."

"ತಪ್ಪಾಯ್ತು" ಎಂದಳು.

"ತಪ್ಪು ಬುಡಿ. ಇವ್ನು ಚೆನ್ನಾಗವ್ನೆ. ಆದ್ರೆ ನನ್ನೋನಲ್ಲ. ಇವ್ನ ಜೊತೆ ನಾನೇನು ಮಾತಾಡ್ಲಿ?" ಅವನು ಹಿಡಿಯನ್ನು ಅವಳತ್ತ ಚಾಚಿದ. "ಇದ್ರಾಗೆ ಒಬ್ಬನಿಗೇ ಜಾಗ. ನಾನು ಅಳಿಸಾಕಿಲ್ಲ. ಗೆದ್ದೋರು ನೀವು. ಮಡಗಿ ಅಂದ್ರೆ ಮಡಗ್ತೀನಿ."

ಅವನು ಮನಸ್ಸಿನಿಂದಲೇ ಹೇಳಿದ್ದ. ಇಟ್ಟುಕೊಳ್ಳಿ ಎಂದಿದ್ದರೆ ಪಾವಗಡದ ಒಂದು ಕೋಣೆಯಲ್ಲಿ ಅವಳ ಐದು ಗೆಲುವು ಹಾಗೇ ಇರುತ್ತಿತ್ತು. ಅವಳೆಂದೂ ನೋಡದ ಕೋಣೆ ಅದು. ಅವನು ದಿನಾ ಅಪರಿಚಿತನೊಬ್ಬನ ಮುಖ ನೋಡಬೇಕಾಗುತ್ತಿತ್ತು. ಸುಮೈರಾ ಹಿಡಿಯನ್ನು ತೆಗೆದುಕೊಂಡಳು. ಯಂತ್ರ ಕೇಳಿದ ಎರಡೂ ಪ್ರಶ್ನೆಗಳನ್ನು ಮೊದಲಿಂದ ಕೊನೆಯವರೆಗೆ ಓದಿದಳು. ಎರಡಕ್ಕೂ ಸರಿ ಎಂದಳು. ಬೂದು ಆಕೃತಿ ಬಂದು ನಿಂತಿತು.

"ಬಸ್ಸು ನಾಲ್ಕೂವರೆಗೆ" ಎಂದ ರಾಮಾಂಜನೇಯ. "ಅದೇನು ಮಾಡಿ ಗೆದ್ರಿ, ಒಂದೀಟು ತೋರಿಸ್ತೀರಾ?"

ಅವನೇ ಅಪ್ಪನನ್ನು ಮಾಡಿದ. ಮೀಸೆ ಆರಿಸುವಾಗ, "ಅದಲ್ಲ, ಅದರ ಮುಂದಿಂದು" ಎಂದು ಅವಳು ಹೇಳಿದಳು. ಪಂದ್ಯ ಶುರುವಾಯಿತು. ಅವನು ಚೆಂಡು ಹಿಡಿದು ಒಬ್ಬನೇ ನುಗ್ಗುತ್ತಿದ್ದ.

"ಕೊಡಿ, ಕೊಡಿ!"

"ಯಾರ್ಗೆ ಕೊಡ್ಲಿ?"

"ಬುಟ್ಟಿ ಕೆಳಗೆ ಕೈ ಎತ್ತಿದಾನಲ್ಲ, ಅವನಿಗೆ."

ರಾಮಾಂಜನೇಯ ಆಟ ನಿಲ್ಲಿಸಿಯೇ ನೋಡಿದ. "ಲೇ ಇವ್ನಾ! ಇವ್ನು ಆರು ತಿಂಗ್ಳಿಂದ ಕೈ ಎತ್ಕಂಡೇ ನಿಂತಿದ್ನಾ?"

"ನಿಂತಿದ್ದ."

"ಕೊಟ್ರೆ ವಾಪಸ್ ಕೊಡ್ತಾನಾ?"

"ಕೆಲವು ಸಲ."

ಅವನು ಕೊಟ್ಟ. ಉದ್ದನೆಯವನು ಹಾಕಿದ. ಇನ್ನೊಂದು ಸಲ ಕೊಟ್ಟಾಗ ಹಾಕಲಿಲ್ಲ. "ಥೂ, ಸೋಂಬೇರಿ" ಎಂದು ಇಬ್ಬರೂ ಒಟ್ಟಿಗೆ ಬೈದರು. ಕೊನೆಗೆ ನಾಲ್ಕು ಪಾಯಿಂಟಿನಿಂದ ಸೋತರು. ಪಾಲಪ್ಪ ಸೊಂಟದ ಮೇಲೆ ಕೈಯಿಟ್ಟು ನಿಂತ. "ಆಂ, ಇವ್ನೇ ಕಣಮ್ಮ ನಮ್ಮಪ್ಪ" ಎಂದ ರಾಮಾಂಜನೇಯ. ಪೆಟ್ಟಿಗೆಯನ್ನು ಟವೆಲಿನಲ್ಲಿ ಸುತ್ತಿ ಎದೆಗವಚಿಕೊಂಡು ಬಸ್ ನಿಲ್ದಾಣದ ಕಡೆ ನಡೆದ. ಓಣಿಯ ತಿರುವಿನವರೆಗೂ ಸುಮೈರಾ ಬಾಗಿಲಲ್ಲಿ ನಿಂತಿದ್ದಳು.

ಸಂಜೆ ಅಯಾಜ್ ಬಂದಾಗ ಅವಳು ಎಲ್ಲವನ್ನೂ ಹೇಳಿದಳು. ಅಳಿಸಿದ್ದು, ತಿರುಗಿ ಮಾಡಿದ್ದು, ಹತ್ತು ದಿನ ಅವನಿಂದ ಮುಚ್ಚಿಟ್ಟದ್ದು. ಅವನು ಹೆಲ್ಮೆಟ್ಟು ತೆಗೆಯದೆಯೇ ಕೇಳಿಸಿಕೊಂಡ.

"ಅಬ್ಬಾ ಇದ್ದಿದ್ರೆ ಒಂದು ವಾರ ನಿನ್ನ ಜೊತೆ ಮಾತಾಡ್ತಿರಲಿಲ್ಲ ಆಪಾ."

"ಗೊತ್ತು."

"ಆ ಮನುಷ್ಯ ಬೈಲಿಲ್ವಾ?"

"ಇಲ್ಲ."

ಅಯಾಜ್ ಬೀಗದ ಕೈ ಹುಡುಕುತ್ತಾ ಇದ್ದಕ್ಕಿದ್ದಂತೆ ತಿರುಗಿದ. "ತಡಿ. ಐದೂ ಗೆದ್ಯಾ? ನೀನಾ?"

"ಹೂಂ. ಐದೂ."

"ಸುಳ್ಳು. ಎಲ್ಲಿ ತೋರ್ಸು?"

ಟಿ.ವಿ. ಆರಿತ್ತು. ಪೆಟ್ಟಿಗೆ ಇಟ್ಟಿದ್ದ ಜಾಗದಲ್ಲಿ ಮೇಜಿನ ಮೇಲೆ ಒಂದು ಚೌಕ ಸ್ವಚ್ಛವಾಗಿತ್ತು, ಸುತ್ತ ಧೂಳು. ಸುಮೈರಾ ಷಟರಿನ ಒಂದು ತುದಿ ಹಿಡಿದಳು. ಇನ್ನೊಂದು ತುದಿಯನ್ನು ಅವನು ನಗುತ್ತಲೇ ಹಿಡಿದ. ಇಬ್ಬರೂ ಸೇರಿ ಕೆಳಕ್ಕೆ ಎಳೆದರು.